ಮೂರು ಬೆರಳಿನ ಹಿಡಿ

ಮೊದಲು ಕರುಳು.
ಒಳಮಗ್ಗುಲು ಹೊರಗೆ ಮಾಡಿ, ಕಲ್ಲುಪ್ಪು ತಿಕ್ಕಿ,
ಅರಿಶಿಣದ ನೀರಿನಲ್ಲಿ ಏಳು ಸಲ.
ಏಳು ಅಂದರೆ ಏಳೇ. ಆರಕ್ಕೇ ಎದ್ದರೆ
ಒದ್ದೆ ಕೈಯಲ್ಲಿ ಬೆನ್ನಿಗೊಂದು ಬೀಳುತ್ತಿತ್ತು.

ಶಾಲೆಯ ಪದ್ಯಗಳಲ್ಲಿ ಕರುಳು ಚುರ್ ಅನ್ನುತ್ತಿತ್ತು.
ಕರುಳ ಕುಡಿ, ಕರುಳ ಕರೆ,
ಮೇಷ್ಟ್ರು ಕಣ್ಣು ಮುಚ್ಚಿಕೊಂಡು ಓದುತ್ತಿದ್ದರು.
ನಾನು ಉಗುರುಸಂದಿ ಮೂಸಿ ನೋಡಿಕೊಳ್ಳುತ್ತಿದ್ದೆ.
ನನಗೆ ಗೊತ್ತಿದ್ದ ಕರುಳು ಇಪ್ಪತ್ತು ಮೊಳ,
ಊದಿದರೆ ಬಲೂನು,
ಹರಿದರೆ ಬೈಗುಳ.

ಚಳ್ಳಕೆರೆಯ ತುಂಬ ಆಗ ಎಣ್ಣೆಮಿಲ್ಲಿನ ಸದ್ದು.
ಮಿಲ್ಲಿನ ಹಿಂದೆ ನಮ್ಮ ಗುಡಿಸಲು,
ಗುಡಿಸಲ ಹಿಂದೆ ಹಂದಿಗೂಡು,
ಅದರ ಪಕ್ಕದಲ್ಲೇ ಪೇಟೆಗೆ ಹತ್ತಿರದ ಕಾಲುದಾರಿ.
ಯಾರೂ ತುಳಿಯುತ್ತಿರಲಿಲ್ಲ.

ಪಾಸ್ಕು ತುಳಿದ. ಕಾರವಾರದ ಕಡೆಯವನು, ಮಿಲ್ಲಿನ ಫಿಟ್ಟರು.
ಅವನ ಬಲಗೈಯ ಕಿರುಬೆರಳು, ಉಂಗುರದ ಬೆರಳು
ಎರಡನ್ನೂ ಎಕ್ಸ್‌ಪೆಲ್ಲರ್ ಶೇಂಗಾದ ಜೊತೆ ಅರೆದುಕೊಂಡಿತ್ತು.
"ಆವತ್ತಿನ ಎಣ್ಣೆ ಯಾರ ಮನೆ ಒಗ್ಗರಣೆಗೆ ಹೋಯಿತೋ"
ಅಂತ ತಾನೇ ಹೇಳಿ ತಾನೇ ನಗುತ್ತಿದ್ದ.

ಅವನ ಊರಿನ ಚೊರೀಸು ಅವನ ತಲೆಯಲ್ಲಿತ್ತು,
ಗಂಟು ಬಿಗಿಯುವ ಬೆರಳಿರಲಿಲ್ಲ.
ಅವ್ವನಿಗೆ ಹತ್ತೂ ಇದ್ದವು,
ಚೊರೀಸು ಅನ್ನಲು ನಾಲಿಗೆ ಇರಲಿಲ್ಲ.
"ಸರ" ಅಂದಳು. ಅದೇ ಉಳಿಯಿತು.

ಮೂರು ಪಾಲು ಬಾಡು, ಒಂದು ಪಾಲು ನೆಣ,
ಉಪ್ಪು ಹಚ್ಚಿ ಗುಂಡುಕಲ್ಲಿನ ಕೆಳಗೆ ಒಂದು ರಾತ್ರಿ.
ಬಣ್ಣಕ್ಕೆ ಬ್ಯಾಡಗಿ, ಉರಿಗೆ ಗುಂಟೂರು,
ಬೆಳ್ಳುಳ್ಳಿ, ಜೀರಿಗೆ, ಮೆಣಸು, ನಾಲ್ಕು ಲವಂಗ,
ಊರಿಂದ ಅವನು ಬಟ್ಟೆಯಲ್ಲಿ ಸುತ್ತಿ ತಂದ
ಕಳ್ಳಿನ ಹುಳಿ.
ತಕ್ಕಡಿ ಇಲ್ಲ, ಲೋಟ ಇಲ್ಲ.
ಖಾರದ ಡಬ್ಬಿಗೆ ಅವನೇ ಕೈ ಹಾಕುತ್ತಿದ್ದ:
ಒಂದು ಹಿಡಿ, ಎರಡು ಹಿಡಿ, ಹೂಂ, ಇನ್ನೊಂದು.
ಚಿಟಿಕೆಯಷ್ಟು ಹೆಂಚಿಗೆ ಹಾಕಿ, ಬಾಯಿಗಿಟ್ಟುಕೊಂಡು,
ಮೋಡವಿಲ್ಲದ ಆಕಾಶ ನೋಡುತ್ತಾ ನಿಲ್ಲುತ್ತಿದ್ದ.
ನಾವು ಉಸಿರು ಹಿಡಿದು ಅವನ ಗಂಟಲನ್ನೇ ನೋಡುತ್ತಿದ್ದೆವು.

ಕತ್ತರಿಸಿದ ಸೋಡಾ ಬಾಟಲಿಯ ಕತ್ತು ನಮ್ಮ ಆಲಿಕೆ.
ನಾನು ಹೆಬ್ಬೆರಳಿಂದ ಒತ್ತಬೇಕು, ಅವ್ವ ಗೇಣಿಗೊಂದು ಗಂಟು.
ಗಾಳಿ ನಿಂತಲ್ಲಿ ದಬ್ಬಣದ ಮೊನೆ.
ತುಂಬಿದ ಸರವನ್ನು ಬುಡ ಕೊಯ್ದ ಎಣ್ಣೆಡ್ರಮ್ಮಿನೊಳಗೆ
ಸೈಕಲ್ಲಿನ ಕಡ್ಡಿಗಳಿಗೆ ನೇತುಹಾಕಿ,
ಕೆಳಗೆ ಶೇಂಗಾಸಿಪ್ಪೆ. ಉರಿಯಬಾರದು, ಕನಲಬೇಕು.
ಮೇಲೆ ಒದ್ದೆ ಗೋಣಿಚೀಲ.
ಮಾಗಿಯ ಒಣಗಾಳಿಗೆ ಐದು ದಿನ.
ಆ ಹೊಗೆ ನನ್ನ ಸಮವಸ್ತ್ರಕ್ಕೆ, ಜಡೆಗೆ, ಭೂಗೋಳದ ನೋಟ್ಸಿಗೆ.
ಬೆಂಚಿನಲ್ಲಿ ನನ್ನ ಪಕ್ಕ ಯಾವಾಗಲೂ
ಒಬ್ಬರು ಕೂರುವಷ್ಟು ಜಾಗ ಖಾಲಿ ಇರುತ್ತಿತ್ತು.

ಮಿಲ್ಲು ಮುಚ್ಚಿತು. ಎಕ್ಸ್‌ಪೆಲ್ಲರನ್ನು
ಆದೋನಿಯವರು ಕೊಂಡು ಲಾರಿಗೆ ಏರಿಸಿದರು.
ಪಾಸ್ಕು ಅದೇ ಲಾರಿ ಹತ್ತಿದ.
"ನನ್ನ ಎರಡು ಬೆರಳು ಅದರ ಹೊಟ್ಟೇಲಿದೆ ಗಾದ್ರಮ್ಮ,
ಬಿಟ್ಟು ಹೆಂಗಿರಲಿ?"
ಅವ್ವ ನಗಲಿಲ್ಲ. ಹೊಗೆಯಿಂದ ಇಳಿಸಿದ್ದ ಒಂದು ಸರವನ್ನು
ಪೇಪರಿನಲ್ಲಿ ಸುತ್ತಿ ಡ್ರೈವರನ ಸೀಟಿನ ಹಿಂದೆ ಇಟ್ಟಳು.

ಮರುಮಾಗಿಗೆ ಅವ್ವ ತಾನೇ ಖಾರ ಹಾಕಿದಳು,
ಅವನು ಹಾಕುತ್ತಿದ್ದಷ್ಟೇ, ಮೂರು ಹಿಡಿ.
ಬಾಯಿಗಿಡಲಾಗಲಿಲ್ಲ. ನಾಯಿ ಕೂಡ ಬಿಟ್ಟುಹೋಯಿತು.
ಅವ್ವ ಬಹಳ ಹೊತ್ತು ತನ್ನ ಬಲಗೈಯನ್ನು ನೋಡಿಕೊಂಡಳು.
ಆಮೇಲೆ ಕಿರುಬೆರಳು, ಉಂಗುರದ ಬೆರಳು
ಎರಡನ್ನೂ ಒಳಕ್ಕೆ ಮಡಚಿ ಡಬ್ಬಿಗೆ ಕೈ ಹಾಕಿದಳು.

ಈಗ ನಾನೂ ಹಾಗೇ.
ತಾರಸಿಯ ಮನೆ, ಹೊಸ ಡ್ರಮ್ಮು, ಬೇಕರಿಯ ವಿನೆಗರ್.
ಕಳ್ಳಿನ ಹುಳಿ ಸಿಗುವುದಿಲ್ಲ, ರುಚಿ ಒಂದು ಮೆಟ್ಟಿಲು ಕೆಳಗೆ.
ಆದರೂ ಸಂಜೆ ಮಬ್ಬಾದ ಮೇಲೆ ಒಬ್ಬೊಬ್ಬರೇ ಬರುತ್ತಾರೆ,
ಬ್ಯಾಂಕಿನವರು, ಪೇಟೆಯ ಮದ್ದಿನಂಗಡಿಯವರು,
"ನಮಗಲ್ಲಮ್ಮ, ಯಾರೋ ತರಕ್ಕೆ ಹೇಳಿದ್ರು.
ನಾಲ್ಕು ಗಂಟು ಕೊಡು."
ಆರು ಕೊಡುತ್ತೇನೆ, ಆರಕ್ಕೂ ದುಡ್ಡು ಎಣಿಸಿಕೊಳ್ಳುತ್ತೇನೆ.

ಹಂದಿಗೂಡಿನ ಪಕ್ಕದ ಆ ಕಾಲುದಾರಿಯಲ್ಲಿ
ಹುಲ್ಲು ಹುಟ್ಟುವುದಿಲ್ಲ ಈಗ.